ವಾಸನೆ ಇಲ್ಲ ಎಂದು ಬರೆದ ಜಾಗ

ಆ ಭಾನುವಾರ ಸಂಜೆ ನನ್ನ ಗಂಡ ಮೆಟ್ಟಿಲು ಹತ್ತಿ ಬಂದು, ಮನೆಯೊಳಗೆ ಕಾಲಿಡದೆ ಕಾರಿಡಾರಿನಲ್ಲೇ ಕಣ್ಣು ಮುಚ್ಚಿಕೊಂಡು ನಿಂತರು. ಅದು ಅವರೂ ನಮ್ಮ ಮಗಳೂ ಆಡುತ್ತಿದ್ದ ಆಟ. ಆಂಟಾಪ್ ಹಿಲ್‌ನ ನಮ್ಮ ಬಿಲ್ಡಿಂಗಿನಲ್ಲಿ ಒಂದು ಸಾಲಿಗೆ ಏಳೆಂಟು ಮನೆಗಳು. ಎಲ್ಲರ ಅಡುಗೆಯ ಹೊಗೆ ಕಾರಿಡಾರಿಗೇ ಬರುತ್ತಿತ್ತು. ಯಾವ ಮನೆಯಲ್ಲಿ ಏನು ಬೇಯುತ್ತಿದೆ ಎಂದು ಅವರು ನಿಂತಲ್ಲೇ ಹೇಳಬೇಕು.

“ಪಪ್ಪಾ, ಚೀಟಿಂಗ್ ನಹೀ. ಕಣ್ಣು ಫುಲ್ ಬಂದ್,” ಎಂದು ಮಗಳು ಬಾಗಿಲಿಗೆ ಅಡ್ಡ ನಿಂತಳು.

“ಮೊದಲನೇ ಮನೆಯಲ್ಲಿ ರಸಂ. ಅದರ ಆಚೆ ಬೊಂಬಿಲ್ ಮೀನು ಹುರೀತಾ ಇದ್ದಾರೆ, ಎಣ್ಣೆ ನಿನ್ನೆಯದ್ದು. ನಮ್ಮಲ್ಲಿ ಸೌತೆಕಾಯಿ ಹುಳಿ. ನಿನ್ನ ಅಮ್ಮ ಒಗ್ಗರಣೆಯಲ್ಲಿ ಬೆಳ್ಳುಳ್ಳಿ ಒಂದೆಸಳು ಕರಂಚಿಸಿ ಕಪ್ಪು ಮಾಡಿದ್ದಾಳೆ.”

ನಾನು ಒಳಗಿನಿಂದಲೇ ಹೇಳಿದೆ. “ಒಂದಲ್ಲ, ಎರಡು.”

“ಎರಡನೇದು ತೆಗೆದು ಬಿಸಾಡಿದ್ದೀ ಮಾರಾಯ್ತಿ. ಅದು ಬಚ್ಚಲಲ್ಲಿ ಉಂಟು.”

ನಿಜವಾಗಿಯೂ ಬಚ್ಚಲಲ್ಲೇ ಇತ್ತು. ಮಗಳು ಚಪ್ಪಾಳೆ ತಟ್ಟಿ ಬಾಗಿಲು ಬಿಟ್ಟಳು. ಊಟ ಮಾಡಿದೆವು, ಮರುದಿನದ ಕೆಲಸಕ್ಕೆ ಅವರ ಅಂಗಿಗೆ ಇಸ್ತ್ರಿ ಹಾಕಿದೆ. ಇಷ್ಟೇ ಆ ದಿನ ನಡೆದದ್ದು. ಆಮೇಲೆ ಆ ಆಟ ಮತ್ತೆ ಸರಿಯಾಗಿ ನಡೆಯಲಿಲ್ಲ.

ಅವರು ಉಡುಪಿಯ ಕಡೆಯಿಂದ ಚಿಕ್ಕ ವಯಸ್ಸಿನಲ್ಲೇ ಮುಂಬಯಿಗೆ ಬಂದು ಫೋರ್ಟ್ ಕಡೆಯ ಒಂದು ಹೋಟೆಲಿನಲ್ಲಿ ಲೋಟ ತೊಳೆಯುವ ಕೆಲಸಕ್ಕೆ ಸೇರಿದವರು. ಹಗಲು ಹೋಟೆಲು, ಸಂಜೆ ಕನ್ನಡ ರಾತ್ರಿಶಾಲೆ. ಹಾಗೆ ಓದಿ ಮೆಟ್ರಿಕ್ ಪಾಸಾದರು. ನಾನು ಊರಿನಲ್ಲಿ ಏಳನೆಯವರೆಗೆ ಓದಿದವಳು. ಹೋಟೆಲಿನಲ್ಲಿ ಅವರ ಮೂಗಿಗೆ ದೊಡ್ಡ ಹೆಸರಿತ್ತು. ಹಾಲು ಒಡೆಯುವ ಮೊದಲೇ ಅವರಿಗೆ ಗೊತ್ತಾಗುತ್ತಿತ್ತಂತೆ. ಅಲ್ಲಿಗೆ ದಿನವೂ ಕಾಫಿಗೆ ಬರುತ್ತಿದ್ದ ಮೈಸೂರಿನ ಕಡೆಯ ಒಬ್ಬ ಸಾಹೇಬರಿಗೆ ಒಂದು ದಿನ ಇವರು, “ಸಾರ್, ನಿಮ್ಮ ಕೋಟಿಗೆ ಎಂತದೋ ಆಸಿಡ್ ತಾಗಿದೆ, ತೂತು ಬೀಳುವ ಮೊದಲು ತೊಳೀಲಿಕ್ಕೆ ಹೇಳಿ,” ಎಂದರಂತೆ. ಸಾಹೇಬರು ರಸಾಯನದ ಪ್ರಯೋಗಶಾಲೆಯವರು. ದಿನವಿಡೀ ಅದೇ ವಾಸನೆಯಲ್ಲಿರುವ ಅವರ ಜೊತೆಯವರಿಗೆ ಯಾರಿಗೂ ತಿಳಿಯದ್ದು ತಟ್ಟೆ ಹಿಡಿದ ಇವರಿಗೆ ತಿಳಿಯಿತು. ಕೆಲವು ತಿಂಗಳ ಮೇಲೆ ಸಾಹೇಬರೇ ಕರೆದು ಕೆಲಸ ಕೊಟ್ಟರು.

ಆ ಕೆಲಸವನ್ನು ಜನರಿಗೆ ಹೇಗೆ ವಿವರಿಸುವುದೆಂದು ನನಗೆ ಆಗಲೂ ತಿಳಿಯುತ್ತಿರಲಿಲ್ಲ. ಎಪ್ಪತ್ತರ ದಶಕದ ಮೊದಲ ವರ್ಷಗಳು. ದಕ್ಷಿಣದ ಕಡಲತೀರದಿಂದ ಸಣ್ಣ ರಾಕೆಟ್‌ಗಳನ್ನು ಹಾರಿಸುತ್ತಿದ್ದರು. ಮುಂದೆ ದೊಡ್ಡವನ್ನು ಹಾರಿಸುವಾಗ ಅವುಗಳ ಹೊಗೆಯಿಂದ ಸುತ್ತಲಿನ ಗಿಡಕ್ಕೆ, ನೀರಿಗೆ, ಜನಕ್ಕೆ ಏನಾಗುತ್ತದೆ ಎಂದು ಮೊದಲೇ ತಿಳಿಯಬೇಕಿತ್ತು. ಸಾಹೇಬರ ಪ್ರಯೋಗಶಾಲೆ ಅದರಲ್ಲಿ ಒಂದು ಸಣ್ಣ ಭಾಗವನ್ನು ಒಪ್ಪಿಕೊಂಡಿತ್ತು. ವಿಕ್ರೋಳಿಯ ಆಚೆ, ಒಳಗೆ ಚಾಚಿದ ಸಮುದ್ರದ ಖಾಡಿಗೆ ತಾಗಿದ ಉಪ್ಪಿನ ಗದ್ದೆಗಳ ಮಗ್ಗುಲಲ್ಲಿ ಒಂದು ಖಾಲಿ ಬಯಲು. ಅಲ್ಲಿ ರಾಕೆಟ್ ಹಾರುತ್ತಿರಲಿಲ್ಲ. ರಬ್ಬರಿನಂತಿದ್ದ ಇಂಧನವನ್ನು ದಪ್ಪ ಕಬ್ಬಿಣದ ಕೊಳವೆಗೆ ತುಂಬಿ, ನೆಲಕ್ಕೆ ಬಿಗಿದು ಉರಿಸುತ್ತಿದ್ದರು. ಕ್ಷಣಕಾಲ ಕಿವಿ ಮುಚ್ಚುವಂಥ ಸದ್ದು, ಆಮೇಲೆ ಬಿಳಿ ಹೊಗೆ. ಆ ಹೊಗೆಯಲ್ಲಿ ಆಸಿಡ್ ಇರುತ್ತಿತ್ತು.

“ಮೇಲೆ ಹೋಗೋದನ್ನ ನೋಡೋಕೆ ಊರೆಲ್ಲ ಇದೆ. ಕೆಳಗೆ ಉಳಿಯೋದನ್ನ ನೋಡೋಕೆ ನಾವು ನಾಲ್ಕು ಜನ,” ಎಂದು ಸಾಹೇಬರು ಹೇಳುತ್ತಿದ್ದರಂತೆ. ಅದನ್ನು ನನ್ನ ಗಂಡ ಮನೆಗೆ ಬಂದ ನೆಂಟರಿಗೆಲ್ಲ ಹೇಳುತ್ತಿದ್ದರು.

ಮೊದಲು ಬಯಲಿನಲ್ಲಿ ಅಲ್ಲಲ್ಲಿ ತಗಡಿನ ತುಂಡುಗಳನ್ನು ಇಟ್ಟು, ತುಕ್ಕು ಎಷ್ಟು ಹಿಡಿಯುತ್ತದೆ ಎಂದು ನೋಡಿದರು. ಉಪ್ಪಿನ ಗಾಳಿಗೆ ಅವು ಹೊಗೆ ಇಲ್ಲದೆಯೂ ತುಕ್ಕು ಹಿಡಿದವು. ಕುಂಡಗಳಲ್ಲಿ ಮೆಂತೆ, ಬೀನ್ಸ್ ಬೆಳೆಸಿ ಇಟ್ಟರು. ಹತ್ತಿರ ಇಟ್ಟ ಗಿಡಗಳ ಎಲೆಯಲ್ಲಿ ಚುಕ್ಕೆ ಬಿದ್ದವು, ದೂರದವು ಹಾಗೇ ಇದ್ದವು. ತೆಳ್ಳಗಿನ ಹೊಗೆಯನ್ನು ಹಿಡಿಯುವ ಯಂತ್ರ ಅವರ ಬಳಿ ಇರಲಿಲ್ಲ. ಆಗ ಸಾಹೇಬರಿಗೆ ಹೊಳೆದದ್ದು ಮನುಷ್ಯರ ಮೂಗು. ಬೇರೆ ಬೇರೆ ದೂರದಲ್ಲಿ ಒಬ್ಬೊಬ್ಬರು ಕೆಂಪು ಬಾವುಟ ಹಿಡಿದು ನಿಲ್ಲಬೇಕು. ವಾಸನೆ ಬಂದ ಕೂಡಲೇ ಬಾವುಟ ಎತ್ತಬೇಕು. ‘ಇಲ್ಲ’, ‘ಸ್ವಲ್ಪ’, ‘ಚೆನ್ನಾಗಿ’, ‘ತಡೆಯಲಾರೆ’ ಎಂಬ ನಾಲ್ಕರಲ್ಲಿ ಒಂದನ್ನು ಬರೆಯಬೇಕು. ವಾಸನೆ ಪೂರ್ತಿ ಹೋಗುವವರೆಗೆ ಜಾಗ ಬಿಟ್ಟು ಅಲುಗಬಾರದು. ಮಳೆಗಾಲ ಮುಗಿದು ಕೆಲಸ ಶುರುವಾಗುವಾಗ ಸೀಸೆಗಳನ್ನು ಮೂಸಿಸಿ ಎಲ್ಲರ ಮೂಗಿನ ಪರೀಕ್ಷೆ ನಡೆಯುತ್ತಿತ್ತು. ನನ್ನ ಗಂಡನೇ ಮೊದಲಿಗರು. ಅವರನ್ನು ಯಾವಾಗಲೂ ಕೊಳವೆಗೆ ಹತ್ತಿರದ ಜಾಗದಲ್ಲೇ ನಿಲ್ಲಿಸುತ್ತಿದ್ದರು.

ನಾನು ಹೇಳಿದ ಆ ಭಾನುವಾರದ ಮರುದಿನ ಬಯಲಿನಲ್ಲಿ ಇಬ್ಬನಿ ಇತ್ತಂತೆ. ಕೊಳವೆಗೆ ಬೆಂಕಿ ಕೊಟ್ಟ ಮೇಲೆ ಗಾಳಿ ಬಿದ್ದುಹೋಯಿತು. ಮೇಲೆ ಹೋಗಬೇಕಾದ ಹೊಗೆ ನೆಲಕ್ಕೆ ಕೂತಿತು, ಹಾಗೇ ಹರಡಿ ಅವರನ್ನು ಮುಚ್ಚಿತು. ಜೊತೆಯವರು ಓಡಿ ಬನ್ನಿ ಎಂದು ಕೂಗಿದರು. ಇವರು ಬರಲಿಲ್ಲ. ಹೊಗೆ ಹೋಗುವವರೆಗೆ ನಿಂತು, ‘ತಡೆಯಲಾರೆ’ ಎಂದು ಬರೆದು, ಆಮೇಲೆ ಕೂತರು.

ಮನೆಗೆ ಬಂದಾಗ ಕಣ್ಣು ಕೆಂಡದ ಹಾಗಿತ್ತು. ಮೂಗಿನಿಂದ ರಕ್ತ ಬಂದು ಅಂಗಿಯ ಮೇಲೆ ಒಣಗಿತ್ತು. “ಓಡಿ ಬರ್ಲಿಕ್ಕೆ ಆಗ್ತಿರ್ಲಿಲ್ವಾ?” ಎಂದು ಕೇಳಿದೆ. “ನಾನು ಓಡಿದ್ರೆ ಅಲ್ಲಿ ಎಷ್ಟು ಹೊತ್ತು ಹೊಗೆ ಇತ್ತು ಅಂತ ಯಾರಿಗೆ ಗೊತ್ತಾಗುದು?” ಎಂದರು. ಡಾಕ್ಟರು ಹಬೆ ತೆಗೆದುಕೊಳ್ಳಲು ಹೇಳಿ, ಮೂಗಿಗೆ ಬಿಡುವ ಔಷಧಿ ಕೊಟ್ಟರು. ಕೆಮ್ಮು ನಿಧಾನಕ್ಕೆ ಇಳಿಯಿತು. ಸಾಹೇಬರು ಒಳ್ಳೆಯ ಮನಸ್ಸಿನಿಂದ, ಇನ್ನು ನೀವು ಹತ್ತಿರ ನಿಲ್ಲಬೇಡಿ ಎಂದು ಅವರನ್ನು ಎಲ್ಲಕ್ಕಿಂತ ದೂರದ ಜಾಗಕ್ಕೆ ಹಾಕಿದರು. ಬಯಲು ಮುಗಿದು ಗುಡಿಸಲುಗಳು ಶುರುವಾಗುವ ಜಾಗ ಅದು. ಅಲ್ಲಿಂದಾಚೆ ರೈಲುಹಳಿಯವರೆಗೂ ಜನ.

ಆ ಚಳಿಗಾಲ ಪೂರ್ತಿ ಅವರು ಅಲ್ಲಿ ನಿಂತರು. ‘ಇಲ್ಲ’ ಎಂದು ಬರೆದರು.

ಮನೆಯಲ್ಲಿ ಆಟ ನಡೆಯುತ್ತಿತ್ತು, ಆದರೆ ತಪ್ಪುಗಳು ಬರುತ್ತಿದ್ದವು. ಮಗಳೇ ಒಂದು ದಿನ ನನ್ನ ಹತ್ತಿರ ದೂರು ತಂದಳು. “ಮಮ್ಮಿ, ಪಪ್ಪಾ ಮೊದಲು ಕಚರಾ ಡಬ್ಬಾ ನೋಡ್ತಾರೆ. ಸಿಪ್ಪೆ ನೋಡಿ ಹೇಳ್ತಾರೆ.” ನಾನು ನಕ್ಕೆ. ಕೆಲಸದಿಂದ ದಣಿದು ಬಂದವರು, ಮಗುವನ್ನು ಸಮಾಧಾನ ಮಾಡಲು ಹಾಗೆ ಮಾಡುತ್ತಾರೆ ಎಂದುಕೊಂಡೆ.

ಮಳೆಗಾಲ ಹಿಡಿದು ಬಯಲಿನ ಕೆಲಸ ನಿಂತ ಮೇಲೆ ಒಂದು ಸಂಜೆ ನಾನು ಹಾಲು ಒಲೆಯ ಮೇಲಿಟ್ಟು ನೀರು ಹಿಡಿಯಲು ನಲ್ಲಿಗೆ ಹೋಗಿದ್ದೆ. ತಿರುಗಿ ಬರುವಾಗ ಕಾರಿಡಾರಿನ ತುದಿಗೇ ಕರಕಲು ವಾಸನೆ. ಹಾಲೆಲ್ಲ ಉಕ್ಕಿ, ತಳ ಹಿಡಿದು ಕಪ್ಪಾಗಿತ್ತು. ಅವರು ಒಲೆಗೆ ಬೆನ್ನು ಹಾಕಿ ಪೇಪರ್ ಓದುತ್ತಿದ್ದರು.

“ಹಾಲು ಸೀದದ್ದು ಗೊತ್ತಾಗ್ಲಿಲ್ವಾ ನಿಮ್ಗೆ?”

“ಪೇಪರ್ ಓದ್ತಾ ಇದ್ದೆ.”

“ಪೇಪರ್ ಓದುದು ಕಣ್ಣಲ್ಲಿ ಅಲ್ವಾ ಮಾರಾಯ್ರೆ? ಮೂಗಿಗೆ ಎಂತ ಕೆಲಸ ಇತ್ತು?”

ನಾನು ತಮಾಷೆಗೆ ಅಂದದ್ದು. ಅವರು ಪೇಪರನ್ನು ಮಡಚಿದರು, ಮಡಚಿದ್ದನ್ನು ಮತ್ತೆ ಮಡಚಿದರು.

“ಎಂತದೂ ಬರುದಿಲ್ಲ. ಆ ಹೊಗೆ ಕೂತ ದಿನದಿಂದ ಎಂತದೂ ಇಲ್ಲ. ನಿನ್ನ ತಲೆಯ ಮಲ್ಲಿಗೆ ಸಹ ಇಲ್ಲ.”

“ಮತ್ತೆ ಅಲ್ಲಿ ಹೋಗಿ ಎಂತ ಬರೀತಿದ್ರಿ?”

“ಕಣ್ಣು ಉರಿದ್ರೆ ಬರಿಯುದು. ಹೇಗೋ ಒಂದು ಮಾಡ್ತಿದ್ದೆ.” ಹೇಗೆ ಎಂದು ಅವರು ಹೇಳಲಿಲ್ಲ.

ಸಾಹೇಬರಿಗೆ ಹೇಳಿಬಿಡಿ ಎಂದೆ. ಅಲ್ಲಿ ಗುಡಿಸಲಿನಲ್ಲಿ ಮಕ್ಕಳಿದ್ದಾರೆ ಎಂದು ನೀವೇ ಹೇಳಿದ್ದಿರಿ ಎಂದೆ. ಅವರು, “ನನ್ನ ಹತ್ರ ಇದ್ದದ್ದು ಈ ಮೂಗೊಂದೇ. ಇದು ಇಲ್ಲ ಅಂದ್ರೆ ಅವ್ರಿಗೆ ನಾನು ಎಂತಕ್ಕೆ? ತಿರುಗಿ ಹೋಟ್ಲಿಗೆ ಹೋದ್ರೂ ಕಾಫಿ ಯಾವುದು ಕಷಾಯ ಯಾವುದು ಗೊತ್ತಾಗುದಿಲ್ಲ,” ಎಂದರು. ಆಮೇಲೆ, ಪರೇಲಿನಲ್ಲಿ ಮೂಗಿನ ಒಬ್ಬ ದೊಡ್ಡ ಡಾಕ್ಟರಿದ್ದಾರೆ, ಅವರಿಗೆ ತೋರಿಸುತ್ತೇನೆ, ಸರಿಯಾಗದಿದ್ದರೆ ಚೌತಿ ಮುಗಿದ ಕೂಡಲೇ ಸಾಹೇಬರಿಗೆ ಎಲ್ಲ ಹೇಳುತ್ತೇನೆ, ಹೇಗೂ ಮಳೆ ಬಿಟ್ಟ ಮೇಲೆ ಸೀಸೆಯ ಪರೀಕ್ಷೆ ಬರುತ್ತದೆ ಎಂದರು. ಹೇಳುವುದು ಖಂಡಿತ ಎಂದು ನನಗೆ ಅನ್ನಿಸಿತು. ಅವರು ಮಾತು ತಪ್ಪುವವರಲ್ಲ.

ನೀವೊಬ್ಬರೇ ಇರುವಾಗ ಗ್ಯಾಸ್ ಹಚ್ಚಬೇಡಿ ಎಂದೂ ಆ ದಿನವೇ ಹೇಳಿದ್ದೆ. ಆಯ್ತು ಎಂದಿದ್ದರು. ನಮ್ಮ ಮನೆಗೆ ಸಿಲಿಂಡರ್ ಬಂದು ಆಗ ಹೆಚ್ಚು ಕಾಲ ಆಗಿರಲಿಲ್ಲ.

ಚೌತಿಗೆ ಮೊದಲೇ, ಜೋರು ಮಳೆಯ ಒಂದು ಮಧ್ಯಾಹ್ನ, ಮಗಳನ್ನು ಶಾಲೆಯಿಂದ ಕರೆತರಲು ಹೋಗಿದ್ದೆ. ಮಳೆ ಒಳಗೆ ಹೊಡೆಯುತ್ತದೆಂದು ಕಿಟಕಿಗಳನ್ನು ಮುಚ್ಚಿದ್ದೆವು. ಹಳಿಯ ಮೇಲೆ ನೀರು ನಿಂತು ಲೋಕಲ್‌ಗಳು ನಿಲ್ಲುತ್ತಿದ್ದವೆಂದು ಅವರನ್ನು ಕೆಲಸದಿಂದ ಬೇಗ ಬಿಟ್ಟಿದ್ದರು. ನೆನೆದು ಬಂದಿದ್ದರು. ಚಹಾ ಮಾಡಿಕೊಳ್ಳಬೇಕು ಅನ್ನಿಸಿರಬೇಕು, ಅಥವಾ ನಾವು ನೆನೆದು ಬರುತ್ತೇವೆಂದು ನಮಗೇ ಮಾಡಿಡಲು ಹೊರಟರೋ ಏನೋ. ಒಲೆಯ ಹತ್ತಿರ ಮೂರು ಲೋಟಗಳಿದ್ದವು ಎಂದು ಆಮೇಲೆ ಒಳಗೆ ಹೋದವರು ಹೇಳಿದರು. ಸಿಲಿಂಡರಿನ ರಬ್ಬರ್ ನಳಿಗೆಯನ್ನು ಇಲಿ ಕಡಿದಿತ್ತು. ಮನೆ ತುಂಬ ಗ್ಯಾಸ್ ತುಂಬಿತ್ತು. ಅವರು ಕಡ್ಡಿ ಗೀರಿದರು.

ನಾವು ಗಲ್ಲಿಯ ತಿರುವಿಗೆ ಬರುವಾಗ ಬಿಲ್ಡಿಂಗಿನ ಕೆಳಗೆ ಜನ ಸೇರಿದ್ದರು. ಕೆಳಗಿನ ಮನೆಯ ಹೆಂಗಸು ನನ್ನ ಎರಡೂ ಕೈ ಹಿಡಿದು ಅಳುತ್ತಾ ಹೇಳಿದಳು. “ಇತ್ನಾ ಬಾಸ್ ಆ ರಹಾ ಥಾ ಭಾಭಿ, ಮೈ ಬೋಲ್ನೇ ಕೋ ಊಪರ್ ಹೀ ಆ ರಹೀ ಥೀ. ಭಾಯ್‌ಸಾಬ್ ಕೋ ಪತಾ ಕೈಸೇ ನಹೀ ಚಲಾ?” ಅಷ್ಟು ವಾಸನೆ ಬರುತ್ತಿದ್ದಾಗ ಅವರಿಗೆ ಗೊತ್ತಾಗಲಿಲ್ಲವೇಕೆ ಎಂದು ಅವಳು ಕೇಳಿದ್ದು. ಹೇಳಲೆಂದೇ ಮೇಲೆ ಬರುತ್ತಾ ಮೆಟ್ಟಿಲಿನಲ್ಲಿದ್ದಳಂತೆ, ಅಷ್ಟರಲ್ಲಿ ಸದ್ದಾಯಿತು.

ಆಸ್ಪತ್ರೆಯಲ್ಲಿ ಎರಡು ದಿನ ಇದ್ದರು. ಮುಖಕ್ಕೆಲ್ಲ ಬಿಳಿ ಬಟ್ಟೆ ಸುತ್ತಿದ್ದರು. ನಾನು ಕಾಲಿನ ಹತ್ತಿರ ಕೂತಿರುತ್ತಿದ್ದೆ, ಕಾಲು ಮಾತ್ರ ಅವರದ್ದೇ ಅನ್ನುವ ಹಾಗಿತ್ತು. ಮಗಳನ್ನು ಒಳಗೆ ಬಿಡಲಿಲ್ಲ. ಮಾತಾಡದೆಯೇ ತೀರಿಕೊಂಡರು.

ಊರಿನಿಂದ ಬಂದ ನೆಂಟರು, ಹೋಟೆಲಿನ ಹಳೆಯ ಜೊತೆಯವರು, ಎಲ್ಲರೂ ಒಂದೇ ಮಾತು ಹೇಳಿದರು. “ಅಂಥಾ ಮೂಗಿನವನು! ಏನು ಯೋಚನೆಯಲ್ಲಿದ್ದನೋ?” ಒಬ್ಬರಂತೂ ನನ್ನ ಮುಖ ನೋಡಿಕೊಂಡು, “ಮನೆಯಲ್ಲಿ ಎಂತಾದ್ರೂ ಜಗಳ ಇತ್ತಾ?” ಎಂದು ಕೇಳಿದರು. ಅವರ ಮೂಗಿನ ವಿಷಯ ಸಾಹೇಬರಿಗೆ ಮೊದಲು ಹೇಳದೆ ಬೇರೆಯವರಿಗೆ ಹೇಳುವುದು ಸರಿಯಲ್ಲ ಅನ್ನಿಸಿತು. ಅದು ಅವರು ಹೇಳಬೇಕೆಂದಿದ್ದ ಮಾತು.

ಉತ್ತರಕ್ರಿಯೆ ಮುಗಿದು ನೆಂಟರೆಲ್ಲ ಹೋದ ಮೇಲೆ, ಸಾಹೇಬರ ಹತ್ತಿರ ಹೋಗುವ ಮೊದಲು, ಅವರು ನಿಲ್ಲುತ್ತಿದ್ದ ಜಾಗ ನೋಡಬೇಕು ಅನ್ನಿಸಿತು. ಸಾಯನ್‌ನಿಂದ ಲೋಕಲ್ ಹಿಡಿದು ವಿಕ್ರೋಳಿಯಲ್ಲಿ ಇಳಿದು, ದಾರಿ ಕೇಳುತ್ತಾ ನಡೆದೆ. ಫ್ಯಾಕ್ಟರಿಗಳೆಲ್ಲ ಹಳಿಯ ಆ ಬದಿಗೆ ಉಳಿದವು. ಈ ಬದಿಯಲ್ಲಿ ಕೆಸರು, ಜೊಂಡು, ಗೋಣಿ ಮತ್ತು ತಗಡಿನ ಗುಡಿಸಲುಗಳು. ಉಪ್ಪಿನ ಗದ್ದೆಗಳು ಮಳೆನೀರಿನಲ್ಲಿ ಮುಳುಗಿದ್ದವು. ಕೊನೆಯ ಗುಡಿಸಲಿನ ಮುಂದೆ ಒಬ್ಬ ಹೆಂಗಸು ರೊಟ್ಟಿ ಬಡಿಯುತ್ತಿದ್ದಳು. ಆ ಸದ್ದಿಗೆ ಕನ್ನಡದವಳಿರಬೇಕೆಂದು ನಾನು ಕನ್ನಡದಲ್ಲೇ ಮಾತಾಡಿಸಿ, ಬಾವುಟ ಹಿಡಿದವರು ನಿಲ್ಲುತ್ತಿದ್ದ ಜಾಗ ಕೇಳಿದೆ. ವಿಜಾಪುರದ ಕಡೆಯವಳು. ಗಂಡ ಹೆಂಡತಿ ಇಬ್ಬರೂ ಕಟ್ಟಡದ ಕೆಲಸಕ್ಕೆ ಹೋಗುವವರು.

“ಬಾವುಟದ ಅಣ್ಣಾರ ಮನಿಯವರೇನ್ರೀ?” ಎಂದು ಎದ್ದು ನಿಂತಳು. ನನ್ನ ಹಣೆ ನೋಡಿದಳು. ಕೈಯ ಹಿಟ್ಟನ್ನು ಸೀರೆಗೆ ಒರೆಸಿಕೊಂಡಳು. “ಅಯ್ಯ ಶಿವನೇ. ಯಾವಾಗ್ರೀ?”

ಹೇಳಿದೆ. ಅವಳು ಕಲ್ಲಿನ ಮೇಲೆ ಗೋಣಿ ಹಾಸಿ ನನ್ನನ್ನು ಕೂರಿಸಿದಳು.

“ಇಲ್ಲೇ ಕುಂದರತಿದ್ರು ನೋಡ್ರಿ. ಕನ್ನಡ ಮಾತಾಡೋರು ಸಿಕ್ಕರಲ್ಲ ಅಂತ ನಮಗೂ ಹಿಗ್ಗು. ನೀರು ಕೊಡತಿದ್ದೆ. ಆ ಕೊಳವಿ ಸದ್ದು ಆತಂದ್ರ ನನ್ನ ಕೇಳತಿದ್ರು, ‘ಏನಕ್ಕಾ, ವಾಸನೆ ಬಂತಾ?’ ಅಂತ. ನಾ ನಗತಿದ್ದೆ. ಬಾವುಟ ನಿಮ್ಮ ಕೈಯಾಗ ಐತಿ, ನನಗ ಕೇಳತೀರಿ, ಸರಕಾರದವರು ಮೂಗು ಕೊಟ್ಟಿಲ್ಲೇನು ಅಂತಿದ್ದೆ.”

ಹೇಗೋ ಒಂದು ಮಾಡುತ್ತಿದ್ದೆ ಎಂದು ಅವರು ಹೇಳಿದ್ದು ಇದನ್ನು. ಅವರಿಗೆ ವಾಸನೆಯೇ ತಿಳಿಯುತ್ತಿರಲಿಲ್ಲ ಎಂದು ಅವಳಿಗೆ ಮಾತ್ರ ಹೇಳಿಬಿಟ್ಟೆ.

“ನೀವು ಏನು ಹೇಳ್ತಿದ್ರಿ?” ಎಂದು ಕೇಳಿದೆ.

ಅವಳು ಒಲೆಯ ಸೌದೆ ಸರಿಮಾಡಿದಳು. “ಇಲ್ಲ ಅಂತಿದ್ದೆ.”

“ನಿಜವಾಗಿ ಬರ್ತಿರ್ಲಿಲ್ವಾ?”

“ಬರತಿತ್ತರಿ. ಕೆಲವೊಮ್ಮಿ ಬರತಿತ್ತು, ಕೆಲವೊಮ್ಮಿ ಇಲ್ಲ. ಬಂದಾಗ ಮೂಗು ಚುರುಚುರು ಅಂತಿತ್ತು, ಕೂಸು ಕೆಮ್ಮತಿತ್ತು. ಆದ್ರ ಬರತೈತಿ ಅಂದ್ರ ಏನಾಗ್ತೈತಿ ನೀವೇ ಹೇಳ್ರಿ. ಇಲ್ಲಿ ಹೊಗಿ ಬರತೈತಿ, ಮಂದಿ ಇರಬಾರದು ಅಂತ ಬರೀತಾರ. ನಾಳೆ ಲಾರಿ ತಂದು ನಮ್ಮನ್ನ ಎಬ್ಬಸ್ತಾರ. ಕುರ್ಲಾದಾಗ ಒಮ್ಮಿ ಎಬ್ಬಿಸ್ಯಾರ, ಮಾಹುಲದಾಗ ಒಮ್ಮಿ ಎಬ್ಬಿಸ್ಯಾರ.” ಮತ್ತೆ, “ಅಣ್ಣಾರಿಗೆ ಮೂಗ ಇರಲಿಲ್ಲ ಅಂತ ನನಗೇನು ಗೊತ್ತರಿ?” ಎಂದಳು.

ಯಾವ ಯಾವ ದಿನ ಬರುತ್ತಿತ್ತು, ಎಷ್ಟು ಹೊತ್ತು ಇರುತ್ತಿತ್ತು, ಉಳಿದ ಗುಡಿಸಲುಗಳಿಗೂ ಬರುತ್ತಿತ್ತೇ ಎಂದು ಕೇಳಿದೆ. ಅವಳಿಗೆ ನೆನಪಿರಲಿಲ್ಲ. ಹಗಲು ಹೆಚ್ಚಿನವರು ಕೆಲಸಕ್ಕೆ ಹೋಗಿರುತ್ತಿದ್ದರು. ಮಕ್ಕಳು, ಮುದುಕರು ಇರುತ್ತಿದ್ದರು. ಇಲ್ಲಿ ಮಕ್ಕಳು ಯಾವಾಗ ಕೆಮ್ಮುವುದಿಲ್ಲ ಎಂದು ಅವಳೇ ನನ್ನನ್ನು ಕೇಳಿದಳು.

ನಾನು ಏಳುವಾಗ ನನ್ನ ಸೆರಗು ಹಿಡಿದಳು. “ಸಾಹೇಬ್ರಿಗೆ ಹೇಳಬ್ಯಾಡ್ರಿ ಅಕ್ಕಾರ. ನಿಮ್ಮ ಕಾಲಿಗೆ ಬೀಳತೀನಿ.”

ತಿರುಗಿ ಬರುವಾಗ ಲೋಕಲಿನಲ್ಲಿ ಬಾಗಿಲ ಹತ್ತಿರವೇ ನಿಂತೆ. ಹೇಳದಿದ್ದರೆ ದೊಡ್ಡ ರಾಕೆಟ್ ಹಾರಿಸುವ ಕಡೆ, ಇಷ್ಟು ದೂರದಲ್ಲಿ ಜನ ಇರಬಹುದು ಎಂದು ಈ ‘ಇಲ್ಲ’ವನ್ನೇ ನಂಬಿ ಯಾರೋ ತೀರ್ಮಾನ ಮಾಡುತ್ತಾರೆ. ಹೇಳಿದರೆ ಇವಳ ಗುಡಿಸಲು ಹೋಗುತ್ತದೆ. ಕೊನೆಗೆ, ನನ್ನ ಗಂಡನ ಮಾತನ್ನು ಮಾತ್ರ ಹೇಳುವುದು, ಅವಳ ಮಾತು ಅವಳದ್ದು ಎಂದು ತೀರ್ಮಾನಿಸಿದೆ.

ಸಾಹೇಬರು ನನ್ನನ್ನು ಕುರ್ಚಿಯಲ್ಲಿ ಕೂರಿಸಿ, ಪೂರ್ತಿ ಕೇಳಿದರು. ಹೊಗೆ ಕೂತ ದಿನದಿಂದ ಅವರಿಗೆ ವಾಸನೆ ತಿಳಿಯುತ್ತಿರಲಿಲ್ಲ ಎಂದು ಹೇಳಿದೆ. ಆಮೇಲೆ ಬರೆದದ್ದೆಲ್ಲ ಮೂಗಿನಿಂದ ಬರೆದದ್ದಲ್ಲ ಎಂದೆ. ಚೌತಿಯ ಮೇಲೆ ನಿಮಗೆ ಹೇಳುವವರಿದ್ದರು ಎಂದೂ ಹೇಳಿದೆ.

“ವರದಿ ಹೋಗಿಬಿಟ್ಟಿದೆಯಲ್ಲಮ್ಮ,” ಎಂದರು. ಆಮೇಲೆ, “ನನಗೊಂದು ಮಾತು ಹೇಳಿದ್ದರೆ ಅವರನ್ನ ಕುಂಡದ ಗಿಡ ನೋಡಿಕೊಳ್ಳೋಕೆ ಹಾಕ್ತಿದ್ದೆ. ಕೆಲಸದಿಂದ ತೆಗೆಯೋ ಮಾತೇ ಇರಲಿಲ್ಲ,” ಎಂದರು.

“ಅದು ಅವರಿಗೆ ಗೊತ್ತಿರಲಿಲ್ಲ ಸಾರ್,” ಎಂದೆ. “ಅಷ್ಟು ಹೊಗೆ ಕುಡಿದ ಮೇಲೆ ನೀವೇ ಒಂದು ಸಲ ಸೀಸೆ ಮೂಸಿಸಿ ನೋಡಿದ್ದರೆ ಗೊತ್ತಾಗುತ್ತಿತ್ತು.”

ಅವರು ಇಲ್ಲ ಎನ್ನಲಿಲ್ಲ. ಗಿಡ ನೋಡಿದೆವು, ನೀರು ನೋಡಿದೆವು, ತಗಡು ನೋಡಿದೆವು, ನಿಂತವರನ್ನ ನೋಡಬೇಕು ಅಂತ ಹೊಳೆಯಲಿಲ್ಲ ಎಂದರು. ಅದು ನೆಪ ಹೇಳುವ ದನಿಯಾಗಿರಲಿಲ್ಲ. ಆದರೂ ಆ ಮಾತು ಕೇಳಿ ನನಗೆ ಸಿಟ್ಟೇ ಬಂತು, ಸಮಾಧಾನವಾಗಲಿಲ್ಲ.

ಆದರೆ ಅವರು ಕೈಕಟ್ಟಿ ಕೂರಲಿಲ್ಲ. ಆ ಜಾಗದ ‘ಇಲ್ಲ’ಗಳನ್ನೆಲ್ಲ ವರದಿಯಿಂದ ತೆಗೆಸಿದ್ದಾಗಿಯೂ, ಮುಂದಿನ ಚಳಿಗಾಲ ಅಲ್ಲಿ ಹೊಸಬರನ್ನು ನಿಲ್ಲಿಸಿ ಮತ್ತೆ ನೋಡುವುದಾಗಿಯೂ ಹೇಳಿ ಕಳಿಸಿದರು. ನೆಂಟರಿಗೆ ನಾನು ಆಗ ನಿಜ ಹೇಳಿದೆ. ಕೆಲವರು ನಂಬಿದರು.

ಮುಂದಿನ ಚಳಿಗಾಲ ಅಲ್ಲಿ ಕೊಳವೆ ಉರಿಯಲಿಲ್ಲ. ಬಯಲಿಗೆ ಬೇಲಿ ಬಿತ್ತು, ಜಾಗ ಬೇರೆಯವರ ಕೈಗೆ ಹೋಯಿತು. ಪ್ರಯೋಗವನ್ನು ದಕ್ಷಿಣಕ್ಕೆ ಸಾಗಿಸಿದರು. ಅಲ್ಲಿಗೆ ಒಳ್ಳೆಯ ಯಂತ್ರಗಳು ಬಂದವಂತೆ. ಮರುವರ್ಷದ ಮಳೆ ಕಳೆದ ಮೇಲೆ ನಾನು ಮಗಳನ್ನು ಕರೆದುಕೊಂಡು ಮತ್ತೊಮ್ಮೆ ವಿಕ್ರೋಳಿಗೆ ಹೋದೆ. ಗುಡಿಸಲುಗಳಿರಲಿಲ್ಲ. ಯಾವುದೋ ದೊಡ್ಡ ಪೈಪು ಹಾಕಲು ಆ ವರ್ಷದ ಮಳೆಗೆ ಮೊದಲೇ ಎಬ್ಬಿಸಿದರು ಎಂದು ಉಪ್ಪಿನ ಗದ್ದೆಯ ಕಾವಲುಗಾರ ಹೇಳಿದ. ಹೊಗೆಗೂ ಅದಕ್ಕೂ ಸಂಬಂಧವಿರಲಿಲ್ಲ. ಎಲ್ಲಿಗೆ ಹೋದರೆಂದು ಅವನಿಗೆ ಗೊತ್ತಿರಲಿಲ್ಲ. ಕೆಲವರು ಮುಲುಂಡ್‌ನ ಕಡೆ, ಕೆಲವರು ಊರಿಗೆ ಎಂದ. ವಿಜಾಪುರದ ಆ ಹೆಂಗಸಿನ ಬಗ್ಗೆ ಕೇಳಿದೆ. ಅಲ್ಲಿ ಎಲ್ಲರೂ ವಿಜಾಪುರದವರೇ ಬಾಯೀ, ಎಂದ.

ಮಗಳು, “ಪಪ್ಪಾ ಕಹಾ ಖಡೇ ಹೋತೇ ಥೇ?” ಎಂದು ಅವರು ನಿಲ್ಲುತ್ತಿದ್ದ ಜಾಗ ಕೇಳಿದಳು. ಅವರು ಕೂರುತ್ತಿದ್ದ ಕಲ್ಲು ಹುಡುಕಿದೆ. ನೆಲವನ್ನೆಲ್ಲ ಅಗೆದು ಹಾಕಿದ್ದರು. ಸುಮಾರಾಗಿ ಇಲ್ಲಿ ಎಂದು ತೋರಿಸಿದೆ.

ಆ ಚಳಿಗಾಲದಲ್ಲಿ ಗುಡಿಸಲುಗಳವರೆಗೆ ಹೊಗೆ ಎಷ್ಟು ಬಂದಿತ್ತು, ಅಲ್ಲಿದ್ದ ಮಕ್ಕಳಿಗೆ ಅದರಿಂದ ಏನಾಯಿತು ಎಂಬುದನ್ನು ಆಮೇಲೆ ಯಾರೂ ನೋಡಲಿಲ್ಲ. ವರದಿಯಲ್ಲಿ ಆ ಜಾಗ ಖಾಲಿಯಾಗಿಯೇ ಇದೆ.